ರಷ್ಯಾದ ಹಡಗುಗಳ ಮೇಲೆ ಕಣ್ಣಿಡಲು ಯಾವ ಸಾಧನ ಬೇಕು: ಎಐಎಸ್, ಉಪಗ್ರಹ ಚಿತ್ರ, ರೇಡಾರ್, ಬಾಸ್ಫರಸ್‌ನ ಕ್ಯಾಮೆರಾ

2022ರ ಫೆಬ್ರವರಿಯಿಂದ ಈಚೆಗೆ ಕಪ್ಪು ಸಮುದ್ರದ ಸುದ್ದಿಯನ್ನು ಗಮನವಿಟ್ಟು ಓದುವವರು ಒಂದಲ್ಲ ಒಂದು ದಿನ ಹಡಗುಗಳಿರುವ ಜಾಗ ತೋರಿಸುವ ಮರೀನ್‌ಟ್ರಾಫಿಕ್ ತಾಣ ತೆರೆದು ಕ್ರಿಮಿಯಾದ ನೌಕಾನೆಲೆ ಸೆವಸ್ತೊಪೋಲ್ ಕಡೆ ನಕ್ಷೆ ಸರಿಸಿರುತ್ತಾರೆ. ಅಲ್ಲಿ ಒಂದೂ ಯುದ್ಧನೌಕೆ ಕಾಣದೆ ಗೊಂದಲಕ್ಕೂ ಬಿದ್ದಿರುತ್ತಾರೆ. ಆಮೇಲೆ ಶುರುವಾಗುವ ಪ್ರಶ್ನೆಗಳು ಗೊತ್ತಿರುವಂಥವೇ. ಹಣ ಕೊಟ್ಟು ಚಂದಾ ತೆಗೆದುಕೊಂಡರೆ ಕಾಣುತ್ತದೆಯೇ? ಉಪಗ್ರಹ ಚಿತ್ರ ನೋಡುವುದು ಕಲಿಯಬೇಕೇ? ಟೆಲಿಗ್ರಾಂ ವಾಹಿನಿಗಳನ್ನು ನಂಬಿದರೆ ಸಾಕೇ?

ಹಡಗಿನ ಹೆಸರು, ಅದಿರುವ ಜಾಗ, ಅಲ್ಲಿದ್ದ ಹೊತ್ತು, ಈ ಮೂರನ್ನೂ ನಂಬುವಂತೆ ಒಟ್ಟಿಗೆ ಕೊಡುವ ಸಾಧನ ಸಾರ್ವಜನಿಕರ ಕೈಯಲ್ಲಿ ಯಾವುದೂ ಇಲ್ಲ. ಎಐಎಸ್, ಅಂದರೆ ಹಡಗು ತನ್ನ ಗುರುತನ್ನೂ ಜಾಗವನ್ನೂ ತಾನೇ ಸಾರುವ ರೇಡಿಯೊ ವ್ಯವಸ್ಥೆ, ಮೂರನ್ನೂ ಹೇಳುತ್ತದೆ, ಆದರೆ ಸುಳ್ಳನ್ನೂ ಹೇಳಬಲ್ಲದು. ಉಪಗ್ರಹ ಚಿತ್ರ ಜಾಗವನ್ನೂ ಹೊತ್ತನ್ನೂ ಖಚಿತವಾಗಿ ಹೇಳುತ್ತದೆ, ಹೆಸರು ಹೇಳುವುದಿಲ್ಲ. ದಡದಿಂದ ತೆಗೆದ ಫೋಟೊ ಹೆಸರು ಹೇಳುತ್ತದೆ, ಆದರೆ ಹಡಗು ಆ ದಡದ ಮುಂದೆ ಹಾದುಹೋದರೆ ಮಾತ್ರ. ಹಾಗಾಗಿ ಒಂದೇ ಉಪಾಯಕ್ಕೆ ಮೋಸಹೋಗದ ಎರಡು ಸಾಧನಗಳನ್ನು ಜೋಡಿ ಮಾಡಿಕೊಳ್ಳಬೇಕು. ಆ ಜೋಡಿ ನಿಮ್ಮ ಪ್ರಶ್ನೆಗೆ ತಕ್ಕಂತೆ ಬೇರೆಯಾಗುತ್ತದೆ.

ಮೊದಲು ಅಳತೆಗೋಲು

ಯಾವುದೇ ಸಾಧನವನ್ನು ಐದು ಪ್ರಶ್ನೆಗಳಿಂದ ತೂಗಿ ನೋಡಿ. ಅದು ಹಡಗಿನ ಗುರುತು ಹೇಳುತ್ತದೆಯೋ, ಇರುವಿಕೆಯನ್ನಷ್ಟೇ ಹೇಳುತ್ತದೆಯೋ? ಮಾಹಿತಿ ಎಷ್ಟು ಹಳೆಯದು: ನಿಮಿಷವೋ, ಗಂಟೆಯೋ, ವಾರವೋ? ಮೋಡದಲ್ಲಿ, ರಾತ್ರಿಯಲ್ಲಿ ಕೆಲಸ ಮಾಡುತ್ತದೆಯೇ? ನೋಡುವವರನ್ನು ಮೋಸಗೊಳಿಸಲು ಎದುರಿನವರು ಏನೆಲ್ಲ ಮಾಡಬಹುದು, ಅದಕ್ಕೆ ಅವರಿಗೆಷ್ಟು ಶ್ರಮ? ಖರ್ಚೆಷ್ಟು?

ಇದರ ಜೊತೆ ಆರನೆಯದೊಂದಿದೆ. ಇದು ಎಲ್ಲಕ್ಕಿಂತ ಮುಖ್ಯ: ಈ ಮಾಹಿತಿ ತೆಗೆಯುವುದರಿಂದ, ಹಂಚುವುದರಿಂದ ಯಾರ ಜೀವಕ್ಕೆ ಕುತ್ತು? ಉಕ್ರೇನಿನಲ್ಲಿ ಯುದ್ಧಕಾಲದ ಸೇನಾ ಚಲನವಲನ ಹರಡುವುದು 2022ರ ಮಾರ್ಚ್‌ನಿಂದ ಕ್ರಿಮಿನಲ್ ಅಪರಾಧ. ರಷ್ಯಾದ ಹಿಡಿತದಲ್ಲಿರುವ ಕ್ರಿಮಿಯಾದಲ್ಲಿ ಬಂದರಿನ ಫೋಟೊ ತೆಗೆದವರು ಜೈಲು ಸೇರಬಹುದು. ಅಲ್ಲಿರುವ ಯಾರಿಗೂ "ಒಂದು ಫೋಟೊ ಕಳಿಸಿ" ಎಂದು ಕೇಳಬೇಡಿ. ಉಪಗ್ರಹದಿಂದ ಸಿಗುವ ಮಾಹಿತಿಗಾಗಿ ಮನುಷ್ಯರನ್ನು ಅಪಾಯಕ್ಕೆ ತಳ್ಳುವ ಅಗತ್ಯವೇ ಇಲ್ಲ.

ಎಐಎಸ್ ತಾಣಗಳು

ಮರೀನ್‌ಟ್ರಾಫಿಕ್, ವೆಸೆಲ್‌ಫೈಂಡರ್ ಎರಡೂ ಒಂದೇ ಮೂಲದ ಮೇಲೆ ನಿಂತಿವೆ. ಹಡಗಿನ ವಿಎಚ್‌ಎಫ್ ಪ್ರಸಾರಕ 161.975 ಮತ್ತು 162.025 ಮೆಗಾಹರ್ಟ್ಸ್‌ನಲ್ಲಿ ತನ್ನ ಗುರುತು, ಜಾಗ, ವೇಗ, ದಿಕ್ಕನ್ನು ಸಾರುತ್ತಿರುತ್ತದೆ. ಚಲಿಸುತ್ತಿದ್ದರೆ 2ರಿಂದ 10 ಸೆಕೆಂಡಿಗೊಮ್ಮೆ, ಲಂಗರು ಹಾಕಿದ್ದರೆ 3 ನಿಮಿಷಕ್ಕೊಮ್ಮೆ. ಅಂತರರಾಷ್ಟ್ರೀಯ ಪಯಣದಲ್ಲಿರುವ 300 ಟನ್‌ಗಿಂತ ದೊಡ್ಡ ಹಡಗುಗಳಿಗೆ ಇದು ಕಡ್ಡಾಯ, ಯುದ್ಧನೌಕೆಗಳಿಗೆ ಕಡ್ಡಾಯವಲ್ಲ. ಸೆವಸ್ತೊಪೋಲ್ ಖಾಲಿಯಾಗಿ ಕಾಣುವುದು ಇದರಿಂದಲೇ. ಚಂದಾ ಕಟ್ಟಿದರೆ ಯುದ್ಧನೌಕೆ ಕಾಣುತ್ತದೆ ಎಂಬ ಆಸೆ ಬೇಡ. ಹಣ ಕೊಟ್ಟರೆ ಸಿಗುವುದು ದಡದ ಗ್ರಾಹಕಗಳಿಗೆ ಎಟುಕದ ನಡುಸಮುದ್ರದ ಉಪಗ್ರಹ ಎಐಎಸ್ ಮತ್ತು ಹಳೆಯ ಪಥಗಳು.

ಆದರೆ ಸರಕು ಹಡಗು, ಟ್ಯಾಂಕರ್‌ಗಳ ವಿಷಯಕ್ಕೆ ಬಂದರೆ ಇದಕ್ಕೆ ಸಾಟಿ ಬೇರೆ ಇಲ್ಲ. ಕಪ್ಪು ಸಮುದ್ರದ ರಷ್ಯಾ ಬಂದರು ನೊವೊರೊಸ್ಸಿಸ್ಕ್‌ನಿಂದ ಸಿರಿಯಾದ ತಾರ್ತೂಸ್‌ಗೆ ಸೇನಾ ಸರಕು ಹೊತ್ತ ಸ್ಪಾರ್ಟಾ-4, ಉರ್ಸಾ ಮೇಜರ್‌ನಂಥವು ವ್ಯಾಪಾರಿ ಹಡಗುಗಳಾದ್ದರಿಂದ ಟರ್ಕಿಯ ಬಾಸ್ಫರಸ್ ಜಲಸಂಧಿಯಲ್ಲಿ ಎಐಎಸ್ ಹಾಕಿಕೊಂಡೇ ಸಾಗುತ್ತಿದ್ದವು. ಪೂರ್ವ ಮೆಡಿಟರೇನಿಯನ್ ತಲುಪಿದ ಮೇಲೆ ಸಂಕೇತ ಮಾಯವಾಗುತ್ತಿತ್ತು. ಎಲ್ಲಿ, ಎಷ್ಟು ಹೊತ್ತಿಗೆ ಆರಿತು, ಮತ್ತೆ ಎಲ್ಲಿ ಹೊತ್ತಿತು ಎಂಬುದೇ ಇಲ್ಲಿ ಮಾಹಿತಿ.

ಹೆಸರಿನಿಂದ ಹುಡುಕುವ ಅಭ್ಯಾಸ ಬಿಟ್ಟುಬಿಡಿ. ಉರ್ಸಾ ಮೇಜರ್‌ನ ಹಿಂದಿನ ಹೆಸರು ಸ್ಪಾರ್ಟಾ-3. ಹೆಸರು, ಧ್ವಜ, ಎಂಎಂಎಸ್‌ಐ ಎಂಬ ರೇಡಿಯೊ ಗುರುತಿನ ಸಂಖ್ಯೆ ಎಲ್ಲ ಬದಲಾಗುತ್ತವೆ. ರಷ್ಯಾದ ಧ್ವಜವಿದ್ದರೆ ಎಂಎಂಎಸ್‌ಐ 273ರಿಂದ ಶುರುವಾಗುತ್ತದೆ, ಧ್ವಜ ಬದಲಾದರೆ ಅದೂ ಹೋಯಿತು. ಬದಲಾಗದೆ ಉಳಿಯುವುದು 7 ಅಂಕಿಯ ಐಎಂಒ (ಅಂತರರಾಷ್ಟ್ರೀಯ ಸಾಗರ ಸಂಸ್ಥೆ) ಸಂಖ್ಯೆ. ಅದಕ್ಕೊಂದು ತಾಳೆ ಅಂಕಿ ಇರುತ್ತದೆ: ಮೊದಲ ಆರು ಅಂಕಿಗಳನ್ನು ಕ್ರಮವಾಗಿ 7, 6, 5, 4, 3, 2ರಿಂದ ಗುಣಿಸಿ ಕೂಡಿದರೆ ಬರುವ ಮೊತ್ತದ ಕೊನೆಯ ಅಂಕಿಯೇ ಏಳನೆಯದಾಗಿರಬೇಕು. ಉರ್ಸಾ ಮೇಜರ್‌ನ 9538892 ತೆಗೆದುಕೊಳ್ಳಿ. 63, 30, 15, 32, 24, 18, ಒಟ್ಟು 182, ಕೊನೆಯ ಅಂಕಿ 2. ಸರಿಹೊಂದಿತು. ಸರಿಹೊಂದದ ಸಂಖ್ಯೆ ಸಾರುತ್ತಿರುವ ಟ್ಯಾಂಕರ್ ಕಂಡರೆ ಅಲ್ಲೇ ಅನುಮಾನಿಸಿ. ಗುಜರಿಗೆ ಹೋದ ಹಡಗಿನ ಸಂಖ್ಯೆ ಕದ್ದಿದ್ದರೆ ಮಾತ್ರ ಈ ಪರೀಕ್ಷೆ ಪಾಸಾಗಿಬಿಡುತ್ತದೆ. ಅದಕ್ಕೆ ಈಕ್ವಾಸಿಸ್ ತಾಣದಲ್ಲಿ ಉಚಿತ ಖಾತೆ ತೆರೆದು, ಆ ಐಎಂಒ ಸಂಖ್ಯೆಯ ಹಡಗು ಇನ್ನೂ ಓಡುತ್ತಿದೆಯೇ, ಒಡೆಯರು ಯಾರು, ವಿಮೆ ಯಾರದು ಎಂದು ನೋಡಬೇಕು.

ಎಐಎಸ್ ಸುಳ್ಳಾಗುವ ಬಗೆ ಎರಡು. ಒಂದು, ಜಿಪಿಎಸ್ ಕೆಡಿಸುವುದು. 2017ರ ಜೂನ್‌ನಲ್ಲೇ ನೊವೊರೊಸ್ಸಿಸ್ಕ್ ಬಳಿಯಿದ್ದ ಹಡಗುಗಳು ತಾವು ಗೆಲೆಂಜಿಕ್ ವಿಮಾನ ನಿಲ್ದಾಣದಲ್ಲಿರುವಂತೆ ತೋರಿಸಿದ್ದವು. ಈಗ ಕಪ್ಪು ಸಮುದ್ರದಲ್ಲೂ ಬಾಲ್ಟಿಕ್‌ನಲ್ಲೂ ಇದು ಮಾಮೂಲಿ: ಹಡಗುಗಳು ನೆಲದ ಮೇಲೆ ಕಾಣುತ್ತವೆ, ದುಂಡಗೆ ಸುತ್ತುತ್ತಿರುವಂತೆ ಕಾಣುತ್ತವೆ. ಇದರಲ್ಲಿ ಹಡಗಿನವರ ತಪ್ಪಿಲ್ಲ. ಇನ್ನೊಂದು, ಇಡೀ ಪಥವನ್ನೇ ಕಟ್ಟಿ ದತ್ತಾಂಶಕ್ಕೆ ತುರುಕುವುದು. 2021ರ ಜೂನ್ 18ರ ರಾತ್ರಿ ಬ್ರಿಟನ್ನಿನ ಎಚ್‌ಎಂಎಸ್ ಡಿಫೆಂಡರ್ ಮತ್ತು ನೆದರ್‌ಲೆಂಡ್ಸ್‌ನ ಎವರ್ಟ್‌ಸನ್ ಒಡೆಸಾ ಬಿಟ್ಟು ಸೆವಸ್ತೊಪೋಲ್‌ನ ಬಾಗಿಲಿಗೇ ಹೋದಂತೆ ಎಐಎಸ್ ತೋರಿಸಿತು. ಅದೇ ಹೊತ್ತಿನ ಒಡೆಸಾ ಬಂದರಿನ ವೆಬ್‌ಕ್ಯಾಮ್‌ನಲ್ಲಿ ಎರಡೂ ಕಟ್ಟೆಗೆ ಕಟ್ಟಿಕೊಂಡು ನಿಂತಿದ್ದವು. ಬೇರೆ ಬಗೆಯ ಸಾಕ್ಷ್ಯ ಇರದಿದ್ದರೆ ಆ ಪಥವನ್ನು ನಂಬಿ ಸುದ್ದಿ ಮಾಡಿಬಿಡಬಹುದಿತ್ತು.

ಗಮ್ಯ, ಮುಳುಗುಮಟ್ಟ, "ಲಂಗರು ಹಾಕಿದೆ" ಎಂಬ ಸ್ಥಿತಿ ಇವನ್ನೆಲ್ಲ ಹಡಗಿನವರು ಕೈಯಾರೆ ತುಂಬುತ್ತಾರೆ. ಇವನ್ನು ಸುಳಿವೆಂದು ಇಟ್ಟುಕೊಳ್ಳಿ, ಪುರಾವೆಯೆಂದಲ್ಲ.

ಸೆಂಟಿನೆಲ್-2: ಉಚಿತ ಬೆಳಕಿನ ಚಿತ್ರ

ಯುದ್ಧನೌಕೆಗಳೇ ನಿಮ್ಮ ಆಸಕ್ತಿಯಾದರೆ ಶುರು ಮಾಡಬೇಕಾದ್ದು ಇಲ್ಲಿಂದ. ಯುರೋಪಿನ ಸೆಂಟಿನೆಲ್ ಉಪಗ್ರಹಗಳ ಚಿತ್ರ ಕೊಡುವ ಕೋಪರ್ನಿಕಸ್ ಬ್ರೌಸರ್ ತಾಣದಲ್ಲಿ ಉಚಿತ ಖಾತೆ ತೆರೆಯಿರಿ, ಸೆಂಟಿನೆಲ್-2 ಎಲ್2ಎ (ವಾತಾವರಣದ ಮಬ್ಬು ತಿದ್ದಿದ ಚಿತ್ರ) ಆರಿಸಿ, ಮೋಡದ ಮಿತಿಯನ್ನು 30 ಪ್ರತಿಶತಕ್ಕೆ ಇಳಿಸಿ. ಸಹಜ ಬಣ್ಣದ ಚಿತ್ರದಲ್ಲಿ ಬೂದು ಹಡಗು ಬೂದು ಕಟ್ಟೆಯ ಪಕ್ಕ ಕರಗಿಹೋಗುತ್ತದೆ. ಸಮೀಪ ಅವಕೆಂಪಿನ ಬಿ08 ಪಟ್ಟಿಯನ್ನು ಒಂಟಿಯಾಗಿ ಹಾಕಿ. ಅದರಲ್ಲಿ ನೀರು ಕಡುಕಪ್ಪು, ಹಡಗು ಬೆಳ್ಳಗೆ. ಅಳತೆಯ ಉಪಕರಣದಿಂದ ಮೂತಿಯಿಂದ ಹಿಂಬದಿಯವರೆಗೆ ಅಳೆಯಿರಿ.

ಇಲ್ಲಿ ಒಂದು ಬಿಂದು (ಪಿಕ್ಸೆಲ್) ಎಂದರೆ 10 ಮೀಟರ್. ಎರಡೂ ತುದಿಯಲ್ಲಿ ಒಂದೊಂದು ಬಿಂದು ಹೆಚ್ಚುಕಡಿಮೆಯಾದರೆ ಅಳತೆ 20 ಮೀಟರ್ ಅತ್ತಿತ್ತ ಆಗುತ್ತದೆ. 2022ರ ಏಪ್ರಿಲ್‌ನಲ್ಲಿ ಮುಳುಗಿದ, 186 ಮೀಟರಿನ ಯುದ್ಧನೌಕೆ ಮಾಸ್ಕ್ವಾ ಇದ್ದಾಗ ಕಪ್ಪು ಸಮುದ್ರದ ಪಡೆಯಲ್ಲಿ ಅದನ್ನು ಬೇರೆ ಹಡಗೆಂದು ತಪ್ಪು ತಿಳಿಯುವ ಅವಕಾಶವೇ ಇರಲಿಲ್ಲ. ಆದರೆ ದಡಕ್ಕೆ ಸೈನ್ಯ ಇಳಿಸುವ 113 ಮೀಟರಿನ ತಪೀರ್ ವರ್ಗ ಮತ್ತು 112.5 ಮೀಟರಿನ ರೊಪೂಚಾ ವರ್ಗ, ಫ್ರಿಗೇಟ್ ಯುದ್ಧನೌಕೆಗಳಾದ ಸುಮಾರು 125 ಮೀಟರಿನ ಗ್ರಿಗರೋವಿಚ್ ವರ್ಗ ಮೂರೂ ಇಲ್ಲಿ ಹನ್ನೊಂದು ಹನ್ನೆರಡು ಬಿಂದುಗಳೇ. ಸುಮಾರು 74 ಮೀಟರಿನ ಕಿಲೋ ಜಲಾಂತರ್ಗಾಮಿ ಏಳು ಬಿಂದು, ಅದೇ ಉದ್ದದ ಕ್ಷಿಪಣಿ ನೌಕೆ ಬುಯಾನ್-ಎಂ ಕೂಡ ಅಷ್ಟೇ. ಇವುಗಳ ನಡುವೆ ಭೇದ ಮಾಡಲು ಅಗಲ, ಡೆಕ್ಕಿನ ಎಲ್ಲಿ ಬೆಳಕು ಎಲ್ಲಿ ನೆರಳು ಎಂಬುದು, ಯಾವ ಕಟ್ಟೆಯಲ್ಲಿ ಯಾವುದು ಕಟ್ಟುವ ರೂಢಿ ಇವನ್ನೆಲ್ಲ ಸೇರಿಸಿ ನೋಡಬೇಕು. ವರ್ಗ ಗೊತ್ತಾದರೂ ಹೆಸರು ಗೊತ್ತಾಗುವುದಿಲ್ಲ. 2022ರ ಮಾರ್ಚ್ 24ರಂದು ಬೆರ್ದ್ಯಾನ್ಸ್ಕ್‌ನಲ್ಲಿ ಸುಟ್ಟ ಹಡಗನ್ನು ಮೊದಲು ಒರ್ಸ್ಕ್ ಎಂದರು, ಆಮೇಲೆ ಅದು ಸರಾತೊವ್ ಎಂದು ತಿದ್ದಿದರು. ಎರಡೂ ತಪೀರ್ ವರ್ಗದವು.

ಗ್ರಿಗರೋವಿಚ್ ವರ್ಗದ ಮೈಕಟ್ಟು ಕಣ್ಣಿಗೆ ಕೂರಬೇಕಾದರೆ ನಮ್ಮ ನೌಕಾಪಡೆ ಪ್ರಕಟಿಸಿರುವ ಐಎನ್‌ಎಸ್ ತುಶಿಲ್ ಚಿತ್ರಗಳನ್ನು ನೋಡಿ. ಅದು ಕಲಿನಿನ್‌ಗ್ರಾದ್‌ನಲ್ಲಿ ಕಟ್ಟಿದ, ಅದೇ 11356 ಯೋಜನೆಯ ಹಡಗು. 2024ರ ಡಿಸೆಂಬರ್ 9ರಂದು ಸೇವೆಗೆ ಸೇರಿ 2025ರ ಫೆಬ್ರವರಿಯಲ್ಲಿ ಕಾರವಾರಕ್ಕೆ ಬಂತು. ಅಳೆಯುವ ಅಭ್ಯಾಸಕ್ಕೆ ಮಾತ್ರ ಕಾರವಾರದ ನೆಲೆ ಬೇಡ. ಪಣಂಬೂರಿನ ನವಮಂಗಳೂರು ಬಂದರಿನ ಸರಕು ಹಡಗುಗಳನ್ನು ತೆಗೆದುಕೊಳ್ಳಿ. ಎಐಎಸ್‌ನಲ್ಲಿ ಅವುಗಳ ಉದ್ದ ಇರುತ್ತದೆ, ಚಿತ್ರದಲ್ಲಿ ನೀವು ಅಳೆದದ್ದನ್ನು ತಾಳೆ ನೋಡಬಹುದು. ಹತ್ತಿಪ್ಪತ್ತು ಹಡಗು ಅಳೆಯುವಷ್ಟರಲ್ಲಿ ನಿಮ್ಮ ಕಣ್ಣು ಯಾವ ಕಡೆಗೆ ತಪ್ಪುತ್ತದೆ ಎಂದು ಗೊತ್ತಾಗುತ್ತದೆ.

ಇದರ ಕೊರತೆಗಳು ಸ್ಪಷ್ಟ. ಒಂದು ಜಾಗಕ್ಕೆ ಎರಡು ಮೂರು ದಿನಕ್ಕೊಮ್ಮೆ, ಅದೂ ಬೆಳಗಿನ ಒಂದೇ ಹೊತ್ತಿನಲ್ಲಿ ಬರುತ್ತದೆ. ಕ್ರಿಮಿಯಾದ ಮೇಲೆ ಹಾಯುವುದು ಯುಟಿಸಿ 8:30ರಿಂದ 9ರ ನಡುವೆ, ನಮ್ಮ ಮಧ್ಯಾಹ್ನ 2ರ ಹೊತ್ತು. ಈ ವೇಳಾಪಟ್ಟಿ ರಷ್ಯಾದ ನೌಕಾಪಡೆಗೂ ಚೆನ್ನಾಗಿ ಗೊತ್ತು. ಚಳಿಗಾಲದಲ್ಲಿ ಕಪ್ಪು ಸಮುದ್ರದ ಮೇಲೆ ವಾರಗಟ್ಟಲೆ ಮೋಡ. ಉತ್ತರ ಪಡೆಯ ಸೆವೆರೊಮೊರ್ಸ್ಕ್ 69 ಡಿಗ್ರಿ ಅಕ್ಷಾಂಶದಲ್ಲಿದೆ, ನವೆಂಬರ್ ಕೊನೆಯಿಂದ ಜನವರಿ ನಡುವಿನವರೆಗೆ ಅಲ್ಲಿ ಸೂರ್ಯನೇ ಹುಟ್ಟುವುದಿಲ್ಲ. ಜೊತೆಗೆ ಬಣ್ಣದ ಮೋಸವೂ ಇದೆ. 2023ರಿಂದ ಕೆಲವು ಹಡಗುಗಳ ಮೂತಿ, ಹಿಂಬದಿಗೆ ಕಪ್ಪು ಬಳಿದರು, ಉದ್ದ ಕಡಿಮೆ ಕಾಣಲೆಂದು. ಕಟ್ಟೆಯ ಕಾಂಕ್ರೀಟಿನ ಮೇಲೆ ಹಡಗಿನ ಆಕಾರವನ್ನೂ ಬಳಿದರು.

ಸೆಂಟಿನೆಲ್-1: ರೇಡಾರ್

ಬಳಿದ ಆಕಾರ ರೇಡಾರಿಗೆ ಕಾಣುವುದೇ ಇಲ್ಲ. ಕಬ್ಬಿಣದ ಮೂಲೆಗಳಿಂದ ಮಾರ್ದನಿ ಬಂದರೆ ಮಾತ್ರ ಚುಕ್ಕೆ ಬೆಳಗುತ್ತದೆ. ಮೋಡ, ರಾತ್ರಿ ಇದಕ್ಕೆ ಅಡ್ಡಿಯಲ್ಲ. ಮಾಸ್ಕ್ವಾಗೆ ಪೆಟ್ಟು ಬಿದ್ದ 2022ರ ಏಪ್ರಿಲ್ 13ರ ಸಂಜೆ ಆ ಭಾಗದ ಸಮುದ್ರವನ್ನು ಸೆರೆಹಿಡಿದದ್ದು ಸೆಂಟಿನೆಲ್-1. ಆದರೆ ಚಿತ್ರದಲ್ಲಿ ಇದ್ದದ್ದು ಒಂದು ದೊಡ್ಡ ಚುಕ್ಕೆ, ಸುತ್ತ ಕೆಲವು ಚುಕ್ಕೆಗಳು. ಅದು ಮಾಸ್ಕ್ವಾ ಎಂದು ಹೇಳಲು ಬೇರೆ ಮಾಹಿತಿ ಬೇಕಾಯಿತು.

ಕೋಪರ್ನಿಕಸ್ ಬ್ರೌಸರ್‌ನಲ್ಲೇ ಐಡಬ್ಲ್ಯೂ ಎಂಬ ಚಿತ್ರಣ ವಿಧ ಆರಿಸಿ. ಅಲೆ ಎದ್ದ ಸಮುದ್ರದಲ್ಲಿ ವಿವಿ (ಲಂಬ ತರಂಗ ಕಳಿಸಿ ಲಂಬವಾಗೇ ಹಿಡಿದ) ಚಿತ್ರಕ್ಕಿಂತ ವಿಎಚ್ (ಲಂಬ ತರಂಗ ಕಳಿಸಿ ಅಡ್ಡ ತರಂಗ ಹಿಡಿದ) ಚಿತ್ರದಲ್ಲಿ ಹಡಗು ಚೆನ್ನಾಗಿ ಎದ್ದು ಕಾಣುತ್ತದೆ. ದೊಡ್ಡ ಹಡಗಿನ ಚುಕ್ಕೆ ಶಿಲುಬೆಯಂತೆ ಅಡ್ಡಕ್ಕೂ ಉದ್ದಕ್ಕೂ ಚಾಚಿಕೊಳ್ಳುತ್ತದೆ. ಅದನ್ನೂ ಸೇರಿಸಿ ಅಳೆದರೆ ಉದ್ದ ಹೆಚ್ಚಾಗಿ ಬರುತ್ತದೆ. ಸೂಕ್ಷ್ಮತೆ ಒಂದು ದಿಕ್ಕಿಗೆ 5 ಮೀಟರ್, ಇನ್ನೊಂದಕ್ಕೆ 20 ಮೀಟರ್ ಆದ್ದರಿಂದ ವರ್ಗ ಹೇಳುವ ಧೈರ್ಯ ಬೇಡ.

ಹೊಸಬರು ಎಡವುವುದು ಚಲಿಸುವ ಹಡಗಿನ ಜಾಗದಲ್ಲಿ. ಹಡಗು ಉಪಗ್ರಹದ ನೋಟದ ದಿಕ್ಕಿನಲ್ಲಿ 10 ನಾಟ್ ವೇಗದಲ್ಲಿ ಸಾಗುತ್ತಿದ್ದರೆ ಅದರ ಚುಕ್ಕೆ ನಿಜವಾದ ಜಾಗದಿಂದ ಮುನ್ನೂರು ನಾನೂರು ಮೀಟರ್ ಪಕ್ಕಕ್ಕೆ ಬೀಳುತ್ತದೆ. ಹಡಗೆಬ್ಬಿಸಿದ ನೀರಿನ ಗೆರೆ ಒಂದು ಕಡೆ, ಹಡಗು ಇನ್ನೊಂದು ಕಡೆ ಕಂಡರೆ ಚಿತ್ರ ಕೆಟ್ಟಿದೆ ಎಂದುಕೊಳ್ಳಬೇಡಿ. ಹಡಗಿದ್ದದ್ದು ಗೆರೆಯ ತುದಿಯಲ್ಲೇ. ಎಐಎಸ್ ಜೊತೆ ಹೋಲಿಸುವಾಗ ಈ ಅಂತರವನ್ನು ಲೆಕ್ಕಕ್ಕೆ ಹಿಡಿಯದಿದ್ದರೆ ಸರಿಯಾದ ಎಐಎಸ್ಸನ್ನೂ ಸುಳ್ಳೆಂದು ಬಿಡುತ್ತೀರಿ.

2022ರಿಂದ 2024ರವರೆಗಿನ ರೇಡಾರ್ ಚಿತ್ರಗಳು ತೆಳುವಾಗಿರುವುದಕ್ಕೆ ಕಾರಣ ಸೆಂಟಿನೆಲ್-1ಬಿ 2021ರ ಡಿಸೆಂಬರ್‌ನಲ್ಲಿ ಕೈಕೊಟ್ಟದ್ದು. 2024ರ ಡಿಸೆಂಬರ್‌ನಲ್ಲಿ 1ಸಿ ಹಾರಿತು. ಹಳೆಯ ಘಟನೆ ಹುಡುಕುವವರು ಆ ಎರಡು ಮೂರು ವರ್ಷದ ಬಿಡುವನ್ನು ನೆನಪಿಡಿ.

ಚಿತ್ರ ಚಿತ್ರವಾಗಿ ಹುಡುಕುವ ಪುರುಸೊತ್ತು ಇಲ್ಲದವರಿಗೆ ಗ್ಲೋಬಲ್ ಫಿಶಿಂಗ್ ವಾಚ್ ಇದೆ. ಮೀನುಗಾರಿಕೆಗಾಗಿ ಕಟ್ಟಿದ ತಾಣವಾದರೂ ಸೆಂಟಿನೆಲ್-1ರಲ್ಲಿ ಕಂಡ ಹಡಗುಗಳನ್ನು ಎಐಎಸ್ ಜೊತೆ ಹೊಂದಿಸಿ, ಹೊಂದದವನ್ನು ಬೇರೆಯಾಗಿ ತೋರಿಸುತ್ತದೆ. ಉಚಿತ. ಕತ್ತಲೆಯಲ್ಲಿ ಸಾಗುವ ಹಡಗುಗಳ ಒಟ್ಟು ಸಾಂದ್ರತೆ ಎಲ್ಲೆಲ್ಲಿ ಎಂದು ತಿಳಿಯಲು ಇಷ್ಟು ಸುಲಭದ ದಾರಿ ಬೇರೆ ಕಾಣದು.

ದುಡ್ಡಿನ ಚಿತ್ರಗಳು

ಪ್ಲಾನೆಟ್‌ನ ದಿನನಿತ್ಯದ ಚಿತ್ರಗಳು ಸುಮಾರು 3 ಮೀಟರ್ ಸೂಕ್ಷ್ಮ. ಮ್ಯಾಕ್ಸಾರ್‌ನ (2025ರ ಅಕ್ಟೋಬರ್‌ನಿಂದ ಹೆಸರು ವ್ಯಾಂಟರ್) ಅತ್ಯುತ್ತಮ ಚಿತ್ರಗಳು 30 ಸೆಂಟಿಮೀಟರ್. 3 ಮೀಟರಿನಲ್ಲಿ ವರ್ಗ ಹೇಳಬಹುದು, 30 ಸೆಂಟಿಮೀಟರಿನಲ್ಲಿ ಡೆಕ್ಕಿನ ಸುಟ್ಟ ಗುರುತೂ ಕಾಣುತ್ತದೆ. 2023ರ ಸೆಪ್ಟೆಂಬರ್ 13ರಂದು ಸೆವಸ್ತೊಪೋಲ್‌ನ ಹಡಗು ದುರಸ್ತಿಯ ಡ್ರೈ ಡಾಕ್‌ನಲ್ಲಿ ಮಿನ್ಸ್ಕ್ ಹಡಗೂ ರೊಸ್ತೊವ್-ನ-ದೊನು ಜಲಾಂತರ್ಗಾಮಿಯೂ ಹೊಡೆತ ತಿಂದಾಗ ಹಾನಿಯ ವಿವರ ತೋರಿಸಿದ್ದು ಇಂಥ ಚಿತ್ರಗಳು. ಒಬ್ಬೊಬ್ಬರಾಗಿ ಕೊಳ್ಳುವವರಿಗೆ ಸ್ಕೈಫೈನಂಥ ಮರುಮಾರಾಟದ ತಾಣಗಳಿವೆ. ಹೊಸದಾಗಿ ತೆಗೆಸುವುದಕ್ಕಿಂತ ಸಂಗ್ರಹದ ಚಿತ್ರ ಅಗ್ಗ. ಕನಿಷ್ಠ ಇಷ್ಟು ಚದರ ಕಿಲೋಮೀಟರ್ ಕೊಳ್ಳಬೇಕೆಂಬ ಷರತ್ತಿರುತ್ತದೆ, ಹಣ ಕಟ್ಟುವ ಮುನ್ನ ಮಾದರಿ ಚಿತ್ರದಲ್ಲಿ ಮೋಡ ಬಂದರಿನ ಮೇಲೇ ಕೂತಿದೆಯೇ ನೋಡಿ.

ಇನ್ನೊಂದು ಎಚ್ಚರಿಕೆ. ಖಾಸಗಿ ಚಿತ್ರ ಸರ್ಕಾರದ ಕೈಯಳತೆಯಲ್ಲೇ ಇರುತ್ತದೆ. 2025ರ ಮಾರ್ಚ್‌ನಲ್ಲಿ ಅಮೆರಿಕ ಸರ್ಕಾರದ ಯೋಜನೆಯ ಮೂಲಕ ಉಕ್ರೇನಿಗೆ ಸಿಗುತ್ತಿದ್ದ ಮ್ಯಾಕ್ಸಾರ್ ಚಿತ್ರಗಳು ತಾತ್ಕಾಲಿಕವಾಗಿ ನಿಂತವು. ಇಡೀ ಕೆಲಸವನ್ನು ಒಂದೇ ಕಂಪನಿಯ ಮೇಲೆ ನಿಲ್ಲಿಸುವುದು ಸರಿಯಲ್ಲ. ನನ್ನ ಅಭಿಪ್ರಾಯದಲ್ಲಿ ಪತ್ರಿಕೆ, ಸಂಶೋಧನಾ ಸಂಸ್ಥೆಗಳಿಗಲ್ಲದೆ ಬಿಡಿ ಓದುಗರಿಗೆ ಈ ಖರ್ಚು ಬೇಕಿಲ್ಲ.

ಬಾಸ್ಫರಸ್‌ನ ದಡ

31 ಕಿಲೋಮೀಟರ್ ಉದ್ದದ, ಕೆಲವೆಡೆ 700 ಮೀಟರಿನಷ್ಟೇ ಅಗಲದ ಈ ಜಲಸಂಧಿಯಲ್ಲಿ ಇಸ್ತಾಂಬುಲ್‌ನ ಹವ್ಯಾಸಿ ಛಾಯಾಗ್ರಾಹಕರು ಹಾದುಹೋಗುವ ಪ್ರತಿ ಹಡಗನ್ನೂ ಹೆಸರು ಓದುವಷ್ಟು ಹತ್ತಿರದಿಂದ ಹಿಡಿಯುತ್ತಾರೆ. ಗುರುತಿನ ವಿಷಯದಲ್ಲಿ ಇದನ್ನು ಮೀರಿದ ಸಾಕ್ಷ್ಯವಿಲ್ಲ. ಡೆಕ್ಕಿನ ಮೇಲೆ ಮುಚ್ಚಿಟ್ಟ ಸರಕಿನ ಆಕಾರ, ನೀರಿನಲ್ಲಿ ಹಡಗು ಎಷ್ಟು ಮುಳುಗಿದೆ ಎಂಬುದೂ ಕಾಣುತ್ತದೆ. ಹೋಗುವಾಗ ತುಂಬಿ, ಬರುವಾಗ ಮೇಲೆದ್ದು ಬಂದರೆ ಸರಕು ಇಳಿಸಿ ಬಂದಂತೆ. ಎಐಎಸ್‌ನ ಕೈಯಾರೆ ತುಂಬಿದ ಮುಳುಗುಮಟ್ಟಕ್ಕಿಂತ ಈ ಫೋಟೊ ಎಷ್ಟೋ ಮೇಲು.

ಆದರೆ 1936ರ ಮಾಂತ್ರೊ ಒಪ್ಪಂದದಡಿ ಟರ್ಕಿ 2022ರ ಫೆಬ್ರವರಿ 28ರಿಂದ ಕಾದಾಡುವ ದೇಶಗಳ ಯುದ್ಧನೌಕೆಗಳಿಗೆ ಜಲಸಂಧಿ ಮುಚ್ಚಿದೆ. ಹಾಗಾಗಿ ಇಲ್ಲಿ ಈಗ ಕಾಣುವುದು ವ್ಯಾಪಾರಿ ಹಡಗು ಮತ್ತು ಟ್ಯಾಂಕರ್‌ಗಳು. ಕಪ್ಪು ಸಮುದ್ರದೊಳಗಿನ ನೌಕೆಗಳ ಬಗ್ಗೆ ಬಾಸ್ಫರಸ್ ಏನೂ ಹೇಳದು.

ಪೂರಕ ಸಾಧನಗಳು

ನಾಸಾದ ಫರ್ಮ್ಸ್ ನಕ್ಷೆ ಬೆಂಕಿ ಹುಡುಕುತ್ತದೆ. ವಿಐಐಆರ್‌ಎಸ್ ಉಪಕರಣದ ಬಿಂದು 375 ಮೀಟರ್, ಮಾಹಿತಿ ಸುಮಾರು ಮೂರು ಗಂಟೆಯೊಳಗೆ ಸಿಗುತ್ತದೆ. ಬಂದರಿನಲ್ಲಿ ದಾಳಿಯಾಯಿತೆಂಬ ಸುದ್ದಿ ಬಂದಾಗ ಮೊದಲ ಪರೀಕ್ಷೆಗೆ ಒಳ್ಳೆಯದು. ತುವಾಪ್ಸೆ, ನೊವೊರೊಸ್ಸಿಸ್ಕ್‌ನಂಥ ತೈಲ ಬಂದರುಗಳಲ್ಲಿ ಮಾಮೂಲಿ ಉರಿಯೂ ಚುಕ್ಕೆಯಾಗಿ ಬರುತ್ತದೆ, ಅದಕ್ಕೆ ಹಿಂದಿನ ಎರಡು ವಾರದ ಚುಕ್ಕೆಗಳೊಂದಿಗೆ ಹೋಲಿಸಿ. ನೌಕಾ ಎಚ್ಚರಿಕೆಗಳಿಂದ ಗುಂಡಿನ ಅಭ್ಯಾಸದ ವಲಯ, ಮೈನ್‌ಗಳ ಸುದ್ದಿ ತಿಳಿಯುತ್ತದೆ. ಮೆಡಿಟರೇನಿಯನ್ ಮತ್ತು ಕಪ್ಪು ಸಮುದ್ರ ಮೂರನೇ ವಲಯ, ಸಂಯೋಜನೆ ಸ್ಪೇನಿನದು. ವಲಯ ಘೋಷಿಸಿದ ಮಾತ್ರಕ್ಕೆ ಅಭ್ಯಾಸ ನಡೆಯಿತೆಂದಲ್ಲ.

ಯಾರಿಗೆ ಯಾವುದು

ಕಪ್ಪು ಸಮುದ್ರದ ಪಡೆಯ ಏರಿಳಿತ ನೋಡಬೇಕೆಂದರೆ ಎರಡು ಸೆಂಟಿನೆಲ್‌ಗಳ ಜೋಡಿ ಸಾಕು. ಖರ್ಚಿಲ್ಲ, ವಾರಕ್ಕೆರಡು ಗಂಟೆ ಬೇಕು. ಸೆವಸ್ತೊಪೋಲ್, ಫಿಯೊದೋಸಿಯಾ, ನೊವೊರೊಸ್ಸಿಸ್ಕ್ ಮೂರನ್ನೂ ಒಟ್ಟಿಗೆ ನೋಡಿ, ಒಂದರಿಂದ ಹೋದದ್ದು ಇನ್ನೊಂದರಲ್ಲಿ ಸಿಗಬಹುದು. ನೊವೊರೊಸ್ಸಿಸ್ಕ್‌ನಲ್ಲಿ ಚಳಿಗಾಲದ ಬೋರಾ ಗಾಳಿ ಬೀಸಿದರೆ ಹಡಗುಗಳು ಕಟ್ಟೆ ಬಿಟ್ಟು ಸಮುದ್ರಕ್ಕೆ ಹೋಗುತ್ತವೆ. ಕಟ್ಟೆ ಖಾಲಿ ಕಂಡ ತಕ್ಷಣ ದಾಳಿಯ ಸಿದ್ಧತೆ ಎಂದು ಬರೆಯುವ ಮುನ್ನ ಆ ದಿನದ ಹವಾಮಾನ ನೋಡಿ.

ಸೇನಾ ಸರಕಿನ ಸಾಗಾಟ ಹಿಡಿಯಲು ಎಐಎಸ್ ಜೊತೆ ಬಾಸ್ಫರಸ್‌ನ ಫೋಟೊ, ಸಂಕೇತ ಆರಿದ ಮೇಲೆ ಸೆಂಟಿನೆಲ್. ನಿರ್ಬಂಧ ತಪ್ಪಿಸುವ ಟ್ಯಾಂಕರ್‌ಗಳಿಗೆ ಎಐಎಸ್, ಈಕ್ವಾಸಿಸ್, ಸೆಂಟಿನೆಲ್-1. ಹಣ ಹಾಕುವುದಿದ್ದರೆ ಈ ಕೆಲಸಕ್ಕೆ ಉಪಗ್ರಹ ಎಐಎಸ್ ಚಂದಾ ಹಾಕಿ, ಇಲ್ಲಿ ಅದು ನಿಜಕ್ಕೂ ದುಡಿಯುತ್ತದೆ. ಉತ್ತರ ಪಡೆಗೆ ಚಳಿಗಾಲದಲ್ಲಿ ರೇಡಾರ್ ಬಿಟ್ಟು ಗತಿಯಿಲ್ಲ.

ಇನ್ನು, ಮನೆಯವರು ಹಡಗಿನಲ್ಲಿ ದುಡಿಯುತ್ತಿರುವ ಕರಾವಳಿಯ ಕುಟುಂಬಗಳು. ನಿಮಗೆ ಉಚಿತ ಎಐಎಸ್ ತಾಣ ಒಂದೇ ಸಾಕು, ಆದರೆ ಅದನ್ನು ಓದುವ ಬಗೆ ತಿಳಿದಿರಲಿ. ನೊವೊರೊಸ್ಸಿಸ್ಕ್ ಬಳಿ ಚಿಹ್ನೆ ಮಾಯವಾದರೆ ಅಥವಾ ನೆಲದ ಮೇಲೆ ಕಂಡರೆ ಗಾಬರಿಯಾಗಬೇಡಿ. ಅಕ್ಕಪಕ್ಕದ ನಾಲ್ಕೈದು ಹಡಗುಗಳನ್ನು ನೋಡಿ. ಅವೂ ಅದೇ ಹೊತ್ತಿಗೆ ಜಿಗಿದಿದ್ದರೆ ಅದು ಜಿಪಿಎಸ್ ಕಾಟ. ನಿಮ್ಮದೊಂದೇ ಮಾಯವಾಗಿ ದಿನ ಕಳೆದರೆ ಮೊದಲು ಕಂಪನಿಯ ತುರ್ತು ಸಂಖ್ಯೆಗೆ, ಆಮೇಲೆ ಮುಂಬೈನ ಹಡಗು ಸಾರಿಗೆ ಮಹಾನಿರ್ದೇಶನಾಲಯಕ್ಕೆ (ಡಿಜಿ ಶಿಪ್ಪಿಂಗ್) ಕರೆಮಾಡಿ. 2025ರ ನವೆಂಬರ್ 28ರಂದು ಟರ್ಕಿ ಕರಾವಳಿಯಾಚೆ ಕೈರೋಸ್, ವಿರಾಟ್ ಎಂಬ ಎರಡು ಟ್ಯಾಂಕರ್‌ಗಳ ಮೇಲೆ ದಾಳಿ ನಡೆದಿದೆ. ಹಾಗಾಗಿ ಮಗನೋ ಅಣ್ಣನೋ ಇರುವ ಹಡಗಿನ ಹೆಸರು, ಹೊರಡುವ ದಿನವನ್ನು ವಾಟ್ಸ್ಆ್ಯಪ್ ಗುಂಪುಗಳಲ್ಲಿ ಹಾಕಬೇಡಿ.

ಯಾವ ಜೋಡಿ ಆರಿಸಿದರೂ ಪ್ರತಿ ಸಲ ನೋಡಿದ್ದನ್ನು ಒಂದೇ ಹಾಳೆಯಲ್ಲಿ ಬರೆದಿಡಿ: ಯುಟಿಸಿಯಲ್ಲಿ ಹೊತ್ತು, ಅಕ್ಷಾಂಶ ರೇಖಾಂಶ, ಸಾಧನ, ಅಳೆದ ಉದ್ದ, ನಿಮ್ಮ ಊಹೆ, ಊಹೆಗೆ ಆಧಾರ. ಮಾಸ್ಕೋ ಮತ್ತು ಸೆವಸ್ತೊಪೋಲ್ ಸಮಯ ಯುಟಿಸಿಗಿಂತ 3 ಗಂಟೆ ಮುಂದೆ, ಕೀವ್ ಚಳಿಗಾಲದಲ್ಲಿ 2, ಬೇಸಿಗೆಯಲ್ಲಿ 3, ನಾವು ಐದೂವರೆ. ಎರಡು ಸಾಕ್ಷ್ಯಗಳು ಹೊಂದುತ್ತಿಲ್ಲ ಎನ್ನಿಸಿದಾಗ ಮೊದಲು ಈ ಗಂಟೆಗಳ ಲೆಕ್ಕವನ್ನೇ ಪರೀಕ್ಷಿಸಿ.